ರಾಯಚೂರು ಸ್ಟೇಷನ್ ಯಾರ ಕೈಯಲ್ಲಿದೆ? ಎರಡು ಹೊಳೆಗಳ ನಡುವಿನ ಒಂದು ನಿಲ್ದಾಣದ ಕಥೆ

2024ರ ಮಾರ್ಚ್‌ನಲ್ಲಿ ಸಿಂಧನೂರಿಗೆ ಮೊದಲ ಪ್ರಯಾಣಿಕರ ರೈಲು ಬಂತು. ಊರಿಗೆ ಊರೇ ಸ್ಟೇಷನ್‌ಗೆ ಹೋಗಿ ನಿಂತಿತ್ತು. ಆ ರೈಲನ್ನು ನಡೆಸುವುದು ಹುಬ್ಬಳ್ಳಿಯ ರೈಲ್ವೆ ಕಚೇರಿಯವರು. ಸಿಂಧನೂರಿನಿಂದ ರಾಯಚೂರಿಗೆ ನೂರು ಕಿಲೋಮೀಟರ್ ಕೂಡ ಇಲ್ಲ, ಎರಡೂ ಒಂದೇ ಜಿಲ್ಲೆ. ಆದರೆ ರಾಯಚೂರು ಸ್ಟೇಷನ್ ಹುಬ್ಬಳ್ಳಿಯವರ ಮಾತು ಕೇಳುವುದಿಲ್ಲ. ಅದರ ಯಜಮಾನರು ಆಂಧ್ರದ ಗುಂತಕಲ್ಲಿನಲ್ಲಿ ಕೂತಿದ್ದಾರೆ. ಅವರ ಮೇಲಿನವರು ಇಷ್ಟು ವರ್ಷ ಸಿಕಂದರಾಬಾದಿನಲ್ಲಿದ್ದರು. 2019ರಲ್ಲಿ ವಿಶಾಖಪಟ್ಟಣ ಕೇಂದ್ರವಾಗಿ ಹೊಸ ರೈಲ್ವೆ ವಲಯದ ಘೋಷಣೆಯಾಯಿತು. ಗುಂತಕಲ್ ವಿಭಾಗ ಅದರೊಳಗೆ ಸೇರುತ್ತದೆ ಎಂದರು.

ಅಂದಿನಿಂದ ನಮ್ಮ ಕಡೆಯ ಚಹಾ ಅಂಗಡಿಗಳಲ್ಲಿ ಒಂದೇ ಪ್ರಶ್ನೆ. ಊರು ಕರ್ನಾಟಕದ್ದು, ಜನ ಕರ್ನಾಟಕದವರು, ಹಾಗಿದ್ದರೆ ಸ್ಟೇಷನ್ ಮಾತ್ರ ಅವರದ್ದು ಹೇಗೆ?

ಇದಕ್ಕೆ ಉತ್ತರ ಬೇಕೆಂದರೆ ನೂರೈವತ್ತು ವರ್ಷ ಹಿಂದಕ್ಕೆ ಹೋಗಬೇಕು. ಮುಖ್ಯವಾಗಿ ಒಂದು ಮಾತು ನೆನಪಿನಲ್ಲಿರಲಿ. ರಾಜ್ಯಗಳಿಗೆ ಗಡಿ ಇರುವ ಹಾಗೆ ರೈಲಿಗೂ ಅದರದ್ದೇ ಗಡಿಗಳಿವೆ. ಎರಡಕ್ಕೂ ಹೊಂದಿಕೆ ಇಲ್ಲ. ರಾಯಚೂರಿನಲ್ಲಿ ಹಳಿ ಮೊದಲು ಬಂತು, ಈಗಿನ ರಾಜ್ಯ ಆಮೇಲೆ ಬಂತು.

ಮೊದಲು ನಕ್ಷೆ ನೋಡೋಣ

ರಾಯಚೂರಿನ ಉತ್ತರಕ್ಕೆ ಕೃಷ್ಣಾ ನದಿ, ದಕ್ಷಿಣಕ್ಕೆ ತುಂಗಭದ್ರಾ. ನಡುವಿನ ಈ ನೆಲಕ್ಕೆ ದೋಆಬ್ ಎಂಬ ಹಳೆಯ ಹೆಸರಿದೆ. ಎರಡು ನದಿಗಳ ನಡುವಿನ ನಾಡು ಎಂದು ಅರ್ಥ. ಕಪ್ಪು ಮಣ್ಣಿನ ಈ ಬಯಲಿಗಾಗಿ ವಿಜಯನಗರದವರೂ ಬಹಮನಿಗಳೂ ತಲೆಮಾರುಗಳ ಕಾಲ ಬಡಿದಾಡಿದರು. 1520ರಲ್ಲಿ ಕೃಷ್ಣದೇವರಾಯ ವಿಜಾಪುರದ ಆದಿಲ್ ಶಾಹಿ ಸೈನ್ಯವನ್ನು ಸೋಲಿಸಿದ್ದು ಇದೇ ರಾಯಚೂರಿನ ಹತ್ತಿರ. ಅಂದರೆ ಇದು ರೈಲು ಬಂದ ಮೇಲೆ ಗಡಿಯೂರು ಆದದ್ದಲ್ಲ, ಮೊದಲಿಂದಲೂ ಗಡಿಯೂರೇ.

ಈಗ ರೈಲಿನ ಹಾದಿ. ರಾಯಚೂರಿನಿಂದ ಉತ್ತರಕ್ಕೆ ಹೊರಟರೆ ಯರಮರಸ್, ಚಿಕ್ಕಸುಗೂರು ದಾಟಿ ಗಾಡಿ ಕೃಷ್ಣಾ ಸೇತುವೆ ಏರುತ್ತದೆ. ಆಚೆ ದಡದಲ್ಲಿ ಸಿಗುವ ಸ್ಟೇಷನ್ ಹೆಸರೂ ಕೃಷ್ಣಾ. ಅದು ತೆಲಂಗಾಣದ್ದು. ಅಲ್ಲಿಂದ ಸ್ವಲ್ಪ ಮುಂದೆ ಹೋದರೆ ಸೈದಾಪುರ, ಯಾದಗಿರಿ. ಮತ್ತೆ ಕರ್ನಾಟಕ. ಕಿಟಕಿ ಪಕ್ಕ ಕೂತು ಒಂದು ಮಿರ್ಚಿ ತಿಂದು ಮುಗಿಸುವಷ್ಟರಲ್ಲಿ ಇನ್ನೊಂದು ರಾಜ್ಯ ಬಂದು ಹೋಗಿರುತ್ತದೆ. ದಕ್ಷಿಣಕ್ಕೆ ಹೊರಟರೆ ಮಟಮಾರಿ, ಆಮೇಲೆ ತುಂಗಭದ್ರಾ ಸೇತುವೆ, ಆಚೆಗೆ ಮಂತ್ರಾಲಯಂ ರೋಡ್. ಅದು ಆಂಧ್ರಪ್ರದೇಶ. ಮುಂದೆ ಆದೋನಿ, ಗುಂತಕಲ್.

ಹೀಗೆ ರಾಯಚೂರಿನ ಎರಡೂ ಕಡೆ ಒಂದೊಂದು ಹೊಳೆ, ಒಂದೊಂದು ಗಡಿ. ನಡುವೆ ಸ್ಟೇಷನ್.

ಕಂಪನಿ ರೈಲು ಅಂದರೇನು?

ಈಗ ರೈಲು ಅಂದರೆ ಸರ್ಕಾರದ್ದು. ಆಗ ಹಾಗಿರಲಿಲ್ಲ. ಇಂಗ್ಲೆಂಡಿನಲ್ಲಿ ಷೇರು ಮಾರಿ ದುಡ್ಡು ಕೂಡಿಸಿದ ಖಾಸಗಿ ಕಂಪನಿಗಳು ಇಲ್ಲಿ ಹಳಿ ಹಾಕುತ್ತಿದ್ದವು. ಸರ್ಕಾರ ಅವುಗಳಿಗೆ ಜಾಗವನ್ನು ಪುಕ್ಕಟೆ ಕೊಡುತ್ತಿತ್ತು. ಅದರ ಜೊತೆಗೆ ಒಂದು ಭರವಸೆಯನ್ನೂ ಕೊಟ್ಟಿತ್ತು. ಲಾಭ ಬರಲಿ ಬಿಡಲಿ, ಹಾಕಿದ ಬಂಡವಾಳಕ್ಕೆ ವರ್ಷಕ್ಕೆ ನೂರಕ್ಕೆ ಐದು ರೂಪಾಯಿ ಗ್ಯಾರಂಟಿ. ಕಂಪನಿಯ ಗಳಿಕೆ ಕಡಿಮೆ ಬಿದ್ದರೆ ಉಳಿದದ್ದನ್ನು ಸರ್ಕಾರ ತುಂಬಿಕೊಡುತ್ತಿತ್ತು. ಅಂದರೆ ಇಲ್ಲಿನ ರೈತರು ಕಟ್ಟಿದ ಕಂದಾಯದಿಂದ. ಬೆಳೆ ಬಂದರೂ ಬಾರದಿದ್ದರೂ ನನ್ನ ಪಾಲು ಕೊಡು ಎನ್ನುವ ಗುತ್ತಿಗೆ ಇದ್ದ ಹಾಗೆ. ನಷ್ಟದ ಹೆದರಿಕೆ ಇಲ್ಲದ ಮೇಲೆ ಕಂಪನಿಗಳು ಖರ್ಚಿಗೆ ಕೈ ಹಿಡಿಯಲೂ ಇಲ್ಲ.

ನಮ್ಮ ಕಥೆಗೆ ಬೇಕಾದವು ಎರಡು ಕಂಪನಿ. ಒಂದು ಗ್ರೇಟ್ ಇಂಡಿಯನ್ ಪೆನಿನ್ಸುಲಾ ರೈಲ್ವೆ. ಹಳಬರು ಜಿಐಪಿ ಎನ್ನುತ್ತಿದ್ದರು. 1853ರ ಏಪ್ರಿಲ್ 16ರಂದು ಬಾಂಬೆಯಿಂದ ಠಾಣೆಗೆ ದೇಶದ ಮೊದಲ ಪ್ರಯಾಣಿಕರ ರೈಲು ಓಡಿಸಿದವರು ಇವರೇ. ಇನ್ನೊಂದು ಮದ್ರಾಸ್ ರೈಲ್ವೆ. ಇವರ ಮೊದಲ ಗಾಡಿ 1856ರ ಜುಲೈ 1ರಂದು ಮದ್ರಾಸಿನ ರಾಯಪುರಂನಿಂದ ಆರ್ಕಾಟಿನ ಕಡೆಗೆ ಹೊರಟಿತು.

ಒಬ್ಬರು ಪಡುವಣ ಕಡಲಿನಿಂದ, ಇನ್ನೊಬ್ಬರು ಮೂಡಣ ಕಡಲಿನಿಂದ. ಬಾಂಬೆ ಮತ್ತು ಮದ್ರಾಸನ್ನು ಒಂದು ಹಳಿಯಿಂದ ಕೂಡಿಸಬೇಕು ಎನ್ನುವುದು ಸರ್ಕಾರದ ಯೋಜನೆ. ಸೈನ್ಯ ಬೇಗ ಸಾಗಬೇಕಿತ್ತು, ಟಪಾಲು ಬೇಗ ಮುಟ್ಟಬೇಕಿತ್ತು, ದಖ್ಖನ್ನಿನ ಹತ್ತಿ ಬಂದರಿಗೆ ಇಳಿಯಬೇಕಿತ್ತು. ಇಡೀ ಹಾದಿಯನ್ನು ಒಂದೇ ಕಂಪನಿಗೆ ಕೊಡಲಿಲ್ಲ. ನೀನು ಆ ಕಡೆಯಿಂದ ಬಾ, ನೀನು ಈ ಕಡೆಯಿಂದ ಬಾ, ನಡುವೆ ಕೂಡಿಕೊಳ್ಳಿ ಎಂದರು. ಆ ನಡುವಿನ ಜಾಗವೇ ರಾಯಚೂರು.

1871: ಎರಡು ಹಳಿ ಕೂಡಿದ್ದು

ಕೂಡುವುದಕ್ಕೆ ಇಷ್ಟು ವರ್ಷ ಯಾಕೆ ಹಿಡಿಯಿತು? ಜಿಐಪಿಯವರಿಗೆ ದೊಡ್ಡ ಅಡ್ಡಿ ಎಂದರೆ ಭೋರ್ ಘಾಟ್. ಬಾಂಬೆ ಮತ್ತು ಪುಣೆಯ ನಡುವಿನ ಸಹ್ಯಾದ್ರಿ ಏರು. ಸುರಂಗ ಕೊರೆದು, ಕಮಾನು ಕಟ್ಟಿ 1863ರ ಹೊತ್ತಿಗೆ ಘಾಟ್ ಮುಗಿಸಿದರು. ಸಾವಿರಾರು ಕೂಲಿಕಾರರು ಜ್ವರ, ಕಾಲರಾಕ್ಕೆ ಬಲಿಯಾದರು. ಘಾಟ್ ಮುಗಿಯುವ ಮೊದಲೇ, 1860ರಲ್ಲಿ, ಪುಣೆಯಿಂದ ಸೊಲ್ಲಾಪುರದವರೆಗೆ ಬಯಲಿನ ಹಳಿ ಸಿದ್ಧವಾಗಿತ್ತು. ಅಲ್ಲಿಂದ ಕಲಬುರಗಿ, ವಾಡಿ, ಯಾದಗಿರಿ, ಕೃಷ್ಣಾ ಹೊಳೆ, ರಾಯಚೂರು. ಮದ್ರಾಸಿನವರದು ಅರಕ್ಕೋಣಂ, ರೇಣಿಗುಂಟ, ಕಡಪ, ಗುತ್ತಿ, ಗುಂತಕಲ್, ಆದೋನಿ ಹಾದಿ. ಬೆಟ್ಟದ ಕಾಟ ಅಷ್ಟಿಲ್ಲ. ಆದರೆ ಬಿಸಿಲು ಇದೆ, ಕೊನೆಗೆ ತುಂಗಭದ್ರಾ ಇದೆ.

1871ರಲ್ಲಿ ಎರಡೂ ರಾಯಚೂರಿನಲ್ಲಿ ಕೂಡಿದವು. ಬಾಂಬೆಯಿಂದ ಮದ್ರಾಸಿಗೆ ಸುಮಾರು 1280 ಕಿಲೋಮೀಟರ್ ಹಾದಿ ತೆರೆಯಿತು. ರಾಯಚೂರು ಅದರ ಅರ್ಧ ದಾಟಿದ ಮೇಲೆ ಸಿಗುತ್ತದೆ.

ಇಲ್ಲಿ ಒಂದು ವಿಷಯ ಬಿಡಿಸಿ ಹೇಳಬೇಕು. ಹಳಿ ಕೂಡಿತು ಅಂದರೆ ಎರಡು ಕಂಪನಿ ಒಂದಾದವು ಎಂದಲ್ಲ. ಲಾರಿಯ ಹತ್ತಿರ ಹಮಾಲರು ಚೀಲ ಸಾಗಿಸುವುದನ್ನು ನೋಡಿರುತ್ತೀರಿ. ಒಬ್ಬ ಇಲ್ಲಿವರೆಗೆ ಹೊತ್ತು ತರುತ್ತಾನೆ, ಇನ್ನೊಬ್ಬನ ಬೆನ್ನಿಗೆ ದಾಟಿಸುತ್ತಾನೆ. ಚೀಲ ಒಂದೇ, ಕೂಲಿ ಇಬ್ಬರಿಗೆ. ಹಾಗೆಯೇ ಡಬ್ಬಿ ಇಲ್ಲಿಂದ ಮುಂದಕ್ಕೆ ಹೋಗಬಹುದು. ಆದರೆ ರಾಯಚೂರಿನವರೆಗಿನ ಹಳಿ, ಅದರ ರಿಪೇರಿ, ಅದರ ದರ ಒಬ್ಬರದು. ರಾಯಚೂರಿನ ಆಚೆಗೆ ಇನ್ನೊಬ್ಬರದು. ಟಿಕೆಟ್ ದುಡ್ಡನ್ನೂ ಸಾಗಣೆ ದುಡ್ಡನ್ನೂ ಆಮೇಲೆ ಲೆಕ್ಕ ಹಾಕಿ ಹಂಚಿಕೊಳ್ಳಬೇಕು. ಇಂಥ ಜಾಗಕ್ಕೆ ರೈಲ್ವೆಯವರ ಮಾತಿನಲ್ಲಿ ಇಂಟರ್‌ಚೇಂಜ್ ಎನ್ನುತ್ತಾರೆ. ಒಬ್ಬರ ಕೈಯಿಂದ ಇನ್ನೊಬ್ಬರ ಕೈಗೆ ದಾಟುವ ತಾಣ, ಅಷ್ಟೆ.

ಗಡಿಯಾರದ ಗೊಂದಲವೂ ಇತ್ತು. ಆಗ ಇಡೀ ದೇಶಕ್ಕೆ ಒಂದೇ ಸಮಯ ಇರಲಿಲ್ಲ. ಬಾಂಬೆ ಸಮಯ ಬೇರೆ, ಮದ್ರಾಸ್ ಸಮಯ ಬೇರೆ. ಈಗಿನ ನಮ್ಮ ಗಡಿಯಾರಕ್ಕೆ ಹೋಲಿಸಿದರೆ ಮದ್ರಾಸ್ ಸಮಯ 9 ನಿಮಿಷ ಹಿಂದೆ, ಬಾಂಬೆ ಸಮಯ 39 ನಿಮಿಷ ಹಿಂದೆ. ಅಂದರೆ ಈ ಹಾದಿಯ ಎರಡು ತುದಿಗಳ ನಡುವೆ ಅರ್ಧ ಗಂಟೆ ವ್ಯತ್ಯಾಸ. ಟೈಮ್ ಟೇಬಲ್ ಹಾಕುವುದು ಹೇಗೆ? ಕೊನೆಗೆ ದೇಶದ ರೈಲುಗಳೆಲ್ಲ ಮದ್ರಾಸ್ ಸಮಯವನ್ನೇ ರೈಲ್ವೆ ಸಮಯ ಎಂದು ಒಪ್ಪಿಕೊಂಡವು. 1906ರ ಜನವರಿ 1ರಂದು ಈಗಿನ ಭಾರತೀಯ ಸಮಯ ಬರುವವರೆಗೂ ಹಾಗೇ ನಡೆಯಿತು. ನಮ್ಮ ಕಡೆ ರೈಲು ತಡವಾದಾಗ ಬೈಯುವವರಿಗೆ ಇದು ಸಮಾಧಾನ ಕೊಡಲಿಕ್ಕಿಲ್ಲ ಬಿಡಿ.

ಸ್ಟೇಷನ್ ಒಳಗೆ ಬೇರೆ ಕಾನೂನು, ಬೇರೆ ರೂಪಾಯಿ

ಈಗ ಯಾರದೋ ನೆಲದಲ್ಲಿ ಯಾರದೋ ಹಳಿ ಎಂಬ ವಿಷಯಕ್ಕೆ ಬರೋಣ. ಇದು ನನಗೆ ಎಲ್ಲಕ್ಕಿಂತ ಸೋಜಿಗ ಅನ್ನಿಸುವ ಭಾಗ.

1871ರಲ್ಲಿ ರಾಯಚೂರು ಹೈದರಾಬಾದ್ ನಿಜಾಮರ ರಾಜ್ಯದಲ್ಲಿತ್ತು. ಅದಕ್ಕೂ ಸ್ವಲ್ಪ ಮೊದಲು, 1853ರಿಂದ 1860ರವರೆಗೆ, ರಾಯಚೂರು ದೋಆಬ್ ಬ್ರಿಟಿಷರ ಆಡಳಿತದಲ್ಲಿತ್ತು. ನಿಜಾಮರ ಸಾಲ ಬಾಕಿಗೆ ಬೇರಾರ್ ಮತ್ತು ಧಾರಾಶಿವದ ಜೊತೆಗೆ ಈ ಸೀಮೆಯನ್ನೂ ಬರೆಸಿಕೊಂಡಿದ್ದರು. 1860ರಲ್ಲಿ ರಾಯಚೂರು ಮತ್ತು ಧಾರಾಶಿವ ಮರಳಿ ಸಿಕ್ಕವು. ತುಂಗಭದ್ರೆಯ ಆಚೆ ದಡ ಮಾತ್ರ 1800ರಲ್ಲೇ ನಿಜಾಮರ ಕೈಬಿಟ್ಟು ಹೋಗಿತ್ತು. ಬಳ್ಳಾರಿ, ಆದೋನಿ, ಅನಂತಪುರ, ಕಡಪ ಎಲ್ಲ ಮದ್ರಾಸ್ ಪ್ರಾಂತ್ಯಕ್ಕೆ ಸೇರಿದ್ದವು. ಮಂತ್ರಾಲಯ ಆಗ ಬಳ್ಳಾರಿ ಜಿಲ್ಲೆಯಲ್ಲಿತ್ತು. ಹಾಗಾಗಿ ಮಟಮಾರಿ ದಾಟಿ ಸೇತುವೆ ಏರಿದ ಗಾಡಿ ನಿಜಾಮರ ರಾಜ್ಯ ಬಿಟ್ಟು ಬ್ರಿಟಿಷ್ ಇಂಡಿಯಾಕ್ಕೆ ಇಳಿಯುತ್ತಿತ್ತು.

ಆದರೆ ಹಳಿಯ ಮಟ್ಟಿಗೆ ಮಾತು ಬೇರೆ. ಸಂಸ್ಥಾನಗಳ ಒಳಗೆ ಹಾದುಹೋಗುವ ಮುಖ್ಯ ರೈಲು ದಾರಿಯ ಜಾಗದ ಮೇಲೆ ಬ್ರಿಟಿಷರು ತಮ್ಮದೇ ಪೊಲೀಸು, ತಮ್ಮದೇ ಕೋರ್ಟು ಎಂದು ಒಪ್ಪಂದ ಮಾಡಿಸಿಕೊಂಡಿದ್ದರು. ಊರು ನಿಜಾಮರದು, ಸ್ಟೇಷನ್ ಕಾಂಪೌಂಡ್ ಬ್ರಿಟಿಷ್ ಕಾನೂನಿನದು. ಗೇಟು ದಾಟಿದರೆ ದೇಶ ಬದಲಾದ ಹಾಗೆ.

ರೂಪಾಯಿಯೂ ಎರಡು. ನಿಜಾಮರ ನಾಣ್ಯಕ್ಕೆ ಹಾಲಿ ಸಿಕ್ಕಾ ಎನ್ನುತ್ತಿದ್ದರು, ಬ್ರಿಟಿಷರ ರೂಪಾಯಿಗೆ ಕಲ್ದಾರ್. ನೂರು ಕಲ್ದಾರ್ ಬೇಕೆಂದರೆ ಸುಮಾರು 116 ಹಾಲಿ ರೂಪಾಯಿ ಕೊಡಬೇಕಿತ್ತು. ಬಜಾರಿನಲ್ಲಿ ನಡೆಯುವ ದುಡ್ಡು ಒಂದು, ಹೊಳೆ ಆಚೆಯ ವ್ಯಾಪಾರಕ್ಕೆ ಬೇಕಾದ ದುಡ್ಡು ಇನ್ನೊಂದು. ನಮ್ಮ ಅಜ್ಜಂದಿರ ಕಾಲದವರ ಬಾಯಲ್ಲಿ ಕಲ್ದಾರ್ ಎಂಬ ಮಾತು ಉಳಿದದ್ದು ಇದೇ ಕಾರಣಕ್ಕೆ. ಸಾಮಾನು ಸಾಗಿಸುವವರಿಗೆ ಸುಂಕವೂ ಇತ್ತು. ನಿಜಾಮರ ಸುಂಕದ ಇಲಾಖೆಗೆ ಕರೋಡ್‌ಗಿರಿ ಎಂದು ಹೆಸರು. ಈಗ ವಿಮಾನ ನಿಲ್ದಾಣದಲ್ಲಿ ಕಸ್ಟಮ್ಸ್ ಇರುತ್ತದಲ್ಲ, ಹಾಗೆ. ಹೈದರಾಬಾದಿನ ಗಡಿ ದಾಟುವ ಸರಕಿಗೆಲ್ಲ ಇವರ ಲೆಕ್ಕ ಒಪ್ಪಿಸಬೇಕು.

ನಿಜಾಮರಿಗೆ ಇನ್ನೊಂದು ತಲೆನೋವು ಇತ್ತು. ಬಾಂಬೆ–ಮದ್ರಾಸ್ ಹಳಿ ಅವರ ರಾಜ್ಯದ ಅಂಚಿನಲ್ಲಿ ಹಾದುಹೋಯಿತು, ರಾಜಧಾನಿಯನ್ನು ಮುಟ್ಟಲಿಲ್ಲ. ಕೊನೆಗೆ ವಾಡಿಯಿಂದ ಹೈದರಾಬಾದಿಗೆ ಬೇರೆ ಹಳಿ ಹಾಕಿಸಿದರು. ಅದು ತೆರೆದದ್ದು 1874ರಲ್ಲಿ. ಸಿಮೆಂಟಿಗೆ ಹೆಸರಾಗುವ ಎಷ್ಟೋ ಮೊದಲೇ ವಾಡಿ ಜಂಕ್ಷನ್ ಆಗಿ ಬೆಳೆದದ್ದು ಹೀಗೆ. ರಾಯಚೂರಿನಿಂದ ವಾಡಿಗೆ ಸುಮಾರು 110 ಕಿಲೋಮೀಟರ್. ಈ ವಾಡಿಯನ್ನು ನೆನಪಿಟ್ಟುಕೊಳ್ಳಿ, ಮುಂದೆ ಮತ್ತೆ ಬೇಕಾಗುತ್ತದೆ.

ರಾಯಚೂರು–ಕೊಪ್ಪಳ ನಡುವೆ ನೇರ ರೈಲು ಯಾಕಿಲ್ಲ?

ಕೊಪ್ಪಳ 1997ರವರೆಗೆ ರಾಯಚೂರು ಜಿಲ್ಲೆಯಲ್ಲೇ ಇತ್ತು. ಡೀಸಿ ಆಫೀಸಿಗೆ ಬರುವ ಕೊಪ್ಪಳದವರು ಬಸ್ಸಿಗೇ ಬರಬೇಕಿತ್ತು. ರೈಲೇ ಬೇಕೆಂದರೆ ಹೊಸಪೇಟೆ, ಬಳ್ಳಾರಿ, ಗುಂತಕಲ್ ಸುತ್ತಿ, ಅಲ್ಲಿಂದ ಮೇಲಕ್ಕೆ ರಾಯಚೂರು. ಮೂಗು ಹಿಡಿಯಲು ತಲೆ ಸುತ್ತ ಕೈ ತಂದ ಹಾಗೆ.

ಕಾರಣ ತಿಳಿಯಲು ಗೇಜ್ ಎಂಬ ಪದ ಗೊತ್ತಿರಬೇಕು. ಎರಡು ಹಳಿಗಳ ನಡುವಿನ ಅಗಲಕ್ಕೆ ಗೇಜ್ ಎನ್ನುತ್ತಾರೆ. ಎರೆ ಹೊಲದ ದಾರಿಯಲ್ಲಿ ಮಳೆಗಾಲದಲ್ಲಿ ಬಂಡಿ ಜಾಡು ಬೀಳುತ್ತದಲ್ವಾ? ಆ ಜಾಡಿನಲ್ಲಿ ಅದೇ ಅಗಲದ ಬಂಡಿ ಮಾತ್ರ ಸಲೀಸಾಗಿ ಹೋಗುತ್ತದೆ. ರೈಲೂ ಹಾಗೆ. ಜಿಐಪಿ ಮತ್ತು ಮದ್ರಾಸ್ ರೈಲ್ವೆ ಎರಡೂ ಹಾಕಿದ್ದು ಬ್ರಾಡ್ ಗೇಜ್. ಅಗಲ 1676 ಮಿಲಿಮೀಟರ್, ಐದೂವರೆ ಅಡಿ. ಅದಕ್ಕೇ ರಾಯಚೂರಿನಲ್ಲಿ ಸರಕು ಇಳಿಸಿ ಏರಿಸುವ ಅಗತ್ಯ ಬೀಳಲಿಲ್ಲ.

ಕೊಪ್ಪಳದ ಹಾದಿ ಹುಟ್ಟಿದ್ದು ಬೇರೆ ಕಾರಣಕ್ಕೆ, ಬೇರೆ ಅಗಲದಲ್ಲಿ. 1876ರಿಂದ 78ರವರೆಗೆ ದಕ್ಷಿಣ ಭಾರತವನ್ನು ಭೀಕರ ಬರ ಹಿಂಡಿತು. ನಮ್ಮ ಹಿರಿಯರು ಅದನ್ನು ಧಾತು ಬರ ಎನ್ನುತ್ತಿದ್ದರು, ಧಾತು ಸಂವತ್ಸರದಲ್ಲಿ ಶುರುವಾದದ್ದರಿಂದ. ಬಳ್ಳಾರಿ ಸೀಮೆಗೆ ಬಿದ್ದ ಪೆಟ್ಟು ಬಹಳ ದೊಡ್ಡದು. ಬಂದರಿನಿಂದ ಕಾಳುಕಡಿ ರೈಲಿನಲ್ಲಿ ಬಂತು. ಆದರೆ ಸ್ಟೇಷನ್‌ನಿಂದ ಹಳ್ಳಿಗೆ ಒಯ್ಯುವುದು ಹೇಗೆ? ಮೇವಿಲ್ಲದೆ ಎತ್ತುಗಳೇ ಸತ್ತಿದ್ದವು. ರೈಲು ಇದ್ದರೂ ಹಳಿಯಿಂದ ದೂರ ಇದ್ದವರಿಗೆ ಅದು ಸಿಗಲಿಲ್ಲ. ಆಮೇಲೆ 1880ರ ಕ್ಷಾಮ ಆಯೋಗ ಬರದ ಸೀಮೆಗಳಲ್ಲಿ ಹೆಚ್ಚು ಹಳಿ ಹಾಕಿ ಎಂದಿತು. 1882ರಲ್ಲಿ ಸದರ್ನ್ ಮರಾಠಾ ರೈಲ್ವೆ ಕಂಪನಿ ಹುಟ್ಟಿತು. ಹುಬ್ಬಳ್ಳಿ, ಗದಗ, ಕೊಪ್ಪಳ, ಹೊಸಪೇಟೆ, ಬಳ್ಳಾರಿ ಸಾಲಿನ ಹಾದಿ ಅವರದು. ಖರ್ಚು ಕಡಿಮೆಯಾಗಲಿ ಎಂದು ಹಾಕಿದ್ದು ಮೀಟರ್ ಗೇಜ್, ಒಂದು ಮೀಟರ್ ಅಗಲ ಮಾತ್ರ. ಈ ಎರಡು ಅಗಲಗಳು ಎದುರಾಗುತ್ತಿದ್ದುದು ಗುಂತಕಲ್ಲಿನಲ್ಲಿ. ದೊಡ್ಡ ಗಾಡಿಯ ಚೀಲ ಸಣ್ಣ ಗಾಡಿಗೆ, ಸಣ್ಣದರದ್ದು ದೊಡ್ಡದಕ್ಕೆ. ಹಮಾಲರಿಗೆ ಕೈತುಂಬ ಕೆಲಸ.

ಹೀಗೆ ಕೊಪ್ಪಳ ಹುಬ್ಬಳ್ಳಿಯ ಕಡೆ ಮುಖ ಮಾಡಿ ಬೆಳೆಯಿತು. ರಾಯಚೂರು ಗುಂತಕಲ್ ಮತ್ತು ವಾಡಿಯ ಕಡೆ ಮುಖ ಮಾಡಿತು. ಈಗ ಗೇಜ್ ಎರಡೂ ಕಡೆ ಬ್ರಾಡ್ ಆಗಿದೆ. ಮುಖ ಮಾತ್ರ ತಿರುಗಿಲ್ಲ.

ಗಡಿಗಳು ಸರಿದ ಬಗೆ

1947ರಲ್ಲಿ ದೇಶಕ್ಕೆ ಸ್ವಾತಂತ್ರ್ಯ ಬಂದಾಗ ರಾಯಚೂರಿಗೆ ಬರಲಿಲ್ಲ. ಹೈದರಾಬಾದ್ ಒಕ್ಕೂಟಕ್ಕೆ ಸೇರಿರಲಿಲ್ಲ. ತುಂಗಭದ್ರೆಯ ಆಚೆ ಭಾರತ, ಈಚೆ ನಿಜಾಮರು. ಆ ಒಂದು ವರ್ಷ ಈ ಹಾದಿಯಲ್ಲಿ ಪ್ರಯಾಣ ಮಾಡುವುದೆಂದರೆ ಜೀವ ಕೈಯಲ್ಲಿ ಹಿಡಿದ ಹಾಗೆ. 1948ರ ಮೇ ತಿಂಗಳಲ್ಲಿ ಕಲಬುರಗಿ ಕಡೆಯ ಗಾಣಗಾಪುರ ಸ್ಟೇಷನ್‌ನಲ್ಲಿ ನಿಜಾಮರ ಪರವಾಗಿ ಶಸ್ತ್ರ ಹಿಡಿದಿದ್ದ ರಜಾಕಾರರು ಇದೇ ಹಾದಿಯ ರೈಲಿನ ಮೇಲೆ ದಾಳಿ ಮಾಡಿದರು. ಅದು ದೇಶದ ತುಂಬ ಸುದ್ದಿಯಾಯಿತು. ಸೆಪ್ಟೆಂಬರ್ 17ಕ್ಕೆ ನಿಜಾಮರು ಶರಣಾದರು.

ಅಲ್ಲಿಂದ ಮುಂದೆ ಗಡಿ ಒಂದು ಕಡೆ ನಿಲ್ಲಲಿಲ್ಲ. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ಹುಟ್ಟಿತು. ಅದರ ಹಿಂದಿನ ದಿನದವರೆಗೆ ಬಳ್ಳಾರಿ ಮತ್ತು ಆದೋನಿ ಒಂದೇ ಜಿಲ್ಲೆ. ಮರುದಿನ ಆದೋನಿ ಆಂಧ್ರಕ್ಕೆ, ಬಳ್ಳಾರಿ ಮೈಸೂರಿಗೆ. ರಾಯಚೂರು ಇನ್ನೂ ಹೈದರಾಬಾದ್ ರಾಜ್ಯದಲ್ಲೇ. 1956ರ ನವೆಂಬರ್ 1ರಂದು ಭಾಷೆಯ ಆಧಾರದ ಮೇಲೆ ರಾಜ್ಯಗಳಾದಾಗ ರಾಯಚೂರು ಮೈಸೂರು ರಾಜ್ಯಕ್ಕೆ ಬಂತು. ಜಿಲ್ಲೆಯ ಗದ್ವಾಲ ಮತ್ತು ಆಲಂಪುರ ತಾಲ್ಲೂಕು ಆಂಧ್ರಪ್ರದೇಶದ ಪಾಲಾದವು. 1973ರಲ್ಲಿ ಮೈಸೂರು ಕರ್ನಾಟಕವಾಯಿತು. 2014ರಲ್ಲಿ ತೆಲಂಗಾಣ ಹುಟ್ಟಿ, ಕೃಷ್ಣಾ ಸ್ಟೇಷನ್ ಇನ್ನೊಂದು ರಾಜ್ಯದ್ದಾಯಿತು. ಮಂತ್ರಾಲಯಂ ರೋಡ್ ಆಂಧ್ರದಲ್ಲೇ ಉಳಿಯಿತು.

ಸೋಜಿಗ ಏನು ಗೊತ್ತಾ? ಮಟಮಾರಿ ಮುಂದಿನ ತುಂಗಭದ್ರಾ ಸೇತುವೆ 1871ರಲ್ಲೂ ಗಡಿಯೇ, ಇಂದೂ ಗಡಿಯೇ. ಎರಡು ದಡದವರ ಹೆಸರು ಮಾತ್ರ ಬದಲಾಗಿದೆ.

ವಲಯ, ವಿಭಾಗ ಅಂದರೇನು?

ಅದೇ ಹೊತ್ತಿಗೆ ರೈಲ್ವೆಯ ಒಳಗಿನ ಗಡಿಗಳೂ ಬದಲಾಗುತ್ತಿದ್ದವು, ತಮ್ಮದೇ ಲೆಕ್ಕದಲ್ಲಿ.

1908ರಲ್ಲಿ ಮದ್ರಾಸ್ ರೈಲ್ವೆಯ ಈ ಹಾದಿ ಮದ್ರಾಸ್ ಅಂಡ್ ಸದರ್ನ್ ಮರಾಠಾ ರೈಲ್ವೆ ಎಂಬ ಹೊಸ ಕಂಪನಿಗೆ ಹೋಯಿತು. ಜಿಐಪಿಯ ಕಾರುಬಾರನ್ನು ಸರ್ಕಾರ 1925ರಲ್ಲಿ ತಾನೇ ವಹಿಸಿಕೊಂಡಿತು. ಸ್ವಾತಂತ್ರ್ಯದ ನಂತರ ಕಂಪನಿಗಳನ್ನೆಲ್ಲ ಒಟ್ಟುಗೂಡಿಸಿ ವಲಯಗಳನ್ನು ಮಾಡಿದರು. ವಲಯ ಅಂದರೆ ದೊಡ್ಡ ಆಡಳಿತ ಪ್ರದೇಶ, ಅದಕ್ಕೆ ಒಬ್ಬ ಜನರಲ್ ಮ್ಯಾನೇಜರ್. ಅದರ ಒಳಗಿನ ತುಂಡು ವಿಭಾಗ, ಅದಕ್ಕೆ ಒಬ್ಬ ಡಿಆರ್‌ಎಂ, ಅಂದರೆ ವಿಭಾಗದ ರೈಲ್ವೆ ಮ್ಯಾನೇಜರ್. ವಲಯವನ್ನು ಜಿಲ್ಲೆ, ವಿಭಾಗವನ್ನು ತಾಲ್ಲೂಕು ಎಂದುಕೊಂಡರೆ ಸಾಕು. ಎಲ್ಲಕ್ಕೂ ಮೇಲೆ ದಿಲ್ಲಿಯ ರೈಲ್ವೆ ಬೋರ್ಡ್.

1951ರಲ್ಲಿ ಜಿಐಪಿ ಮಧ್ಯ ರೈಲ್ವೆಗೆ ಸೇರಿತು, ಮದ್ರಾಸ್ ಕಡೆಯದು ದಕ್ಷಿಣ ರೈಲ್ವೆಗೆ. ಹಳೆಯ ಕಂಪನಿ ಗಡಿ ಹೊಸ ಬೋರ್ಡು ಹಾಕಿಕೊಂಡಿತು ಅಷ್ಟೆ. 1966ರ ಅಕ್ಟೋಬರ್ 2ರಂದು ಸಿಕಂದರಾಬಾದ್ ಕೇಂದ್ರವಾಗಿ ದಕ್ಷಿಣ ಮಧ್ಯ ರೈಲ್ವೆ ಬಂತು. ಸೊಲ್ಲಾಪುರ ವಿಭಾಗ ಅದಕ್ಕೆ ಹೋಯಿತು, ಹುಬ್ಬಳ್ಳಿಯೂ ಹೋಯಿತು. 1977ರಲ್ಲಿ ಅದಲು ಬದಲು: ಸೊಲ್ಲಾಪುರ ಮರಳಿ ಮಧ್ಯ ರೈಲ್ವೆಗೆ, ಗುಂತಕಲ್ ದಕ್ಷಿಣ ರೈಲ್ವೆಯಿಂದ ದಕ್ಷಿಣ ಮಧ್ಯಕ್ಕೆ. ಈಗ ಸೊಲ್ಲಾಪುರದವರ ಹಾದಿ ವಾಡಿಗೆ ನಿಲ್ಲುತ್ತದೆ. ಅಲ್ಲಿಂದ ಈಚೆಗೆ ಯಾದಗಿರಿ, ರಾಯಚೂರು, ಆದೋನಿ ಎಲ್ಲ ಗುಂತಕಲ್ ವಿಭಾಗ. ಜಿಐಪಿಯ ಕೊನೆಯ ತುಂಡು ಮದ್ರಾಸಿನವರ ಹಳೆಯ ಮನೆಗೆ ಸೇರಿಕೊಂಡಿತು. ರೈಲ್ವೆಯ ಗಡಿ ರಾಯಚೂರಿನಿಂದ ವಾಡಿಗೆ ಸರಿಯಿತು.

2003ರಲ್ಲಿ ಹುಬ್ಬಳ್ಳಿ ಕೇಂದ್ರವಾಗಿ ನೈಋತ್ಯ ರೈಲ್ವೆ ಬಂದಾಗ ಅದಕ್ಕೆ ಹುಬ್ಬಳ್ಳಿ, ಬೆಂಗಳೂರು, ಮೈಸೂರು ವಿಭಾಗಗಳು ಸೇರಿದವು. ಬಳ್ಳಾರಿ, ಕೊಪ್ಪಳ ಹುಬ್ಬಳ್ಳಿ ವಿಭಾಗದಲ್ಲಿರುವುದರಿಂದ ಅವೂ ಬಂದವು. ರಾಯಚೂರು ಬರಲಿಲ್ಲ. ಯಾಕೆಂದರೆ ವಲಯ ಮಾಡುವಾಗ ರಾಜ್ಯ ನೋಡಿ ಹಳಿ ಕತ್ತರಿಸುವುದಿಲ್ಲ, ವಿಭಾಗಗಳನ್ನು ಗಂಟು ಕಟ್ಟುತ್ತಾರೆ. ಒಂದು ವಿಭಾಗ ಎಂದರೆ ಒಂದು ಉದ್ದನೆಯ ಹಾದಿ. ಇಂಜಿನ್, ಡ್ರೈವರು, ಗಾರ್ಡು, ರಿಪೇರಿ, ಎಲ್ಲ ಆ ಹಾದಿಗೆ ಹೊಂದಿಕೊಂಡಿರುತ್ತವೆ. ಗುಂತಕಲ್ಲಿನಿಂದ ಹೊರಟ ಡ್ರೈವರಿಗೆ ತುಂಗಭದ್ರೆ ರಾಜ್ಯದ ಗಡಿ ಅಲ್ಲ, ಸೇತುವೆ.

ಕಲ್ಯಾಣ ಕರ್ನಾಟಕದ ನಕ್ಷೆ ಇಟ್ಟು ನೋಡಿದರೆ ಇದು ಇನ್ನೂ ಸ್ಪಷ್ಟವಾಗುತ್ತದೆ. ಬಳ್ಳಾರಿ, ಕೊಪ್ಪಳ ಹುಬ್ಬಳ್ಳಿಗೆ. ರಾಯಚೂರು, ಯಾದಗಿರಿ ಗುಂತಕಲ್ಲಿಗೆ. ಕಲಬುರಗಿ ಸೊಲ್ಲಾಪುರಕ್ಕೆ. ಬೀದರ ಸಿಕಂದರಾಬಾದಿಗೆ. ಕಲಬುರಗಿಯಲ್ಲೇ ಒಂದು ವಿಭಾಗ ಬೇಕು ಎಂಬ ಕೂಗಿನ ಹಿಂದೆ ಇರುವುದು ಈ ಚದುರಿದ ಲೆಕ್ಕ.

ಹಾಗಾದರೆ ನಾವು ಯಾರನ್ನು ಕೇಳಬೇಕು?

ಓದುವವರಿಗೆ ಬೇಕಾದದ್ದು ಇದೇ ಅಂತ ಗೊತ್ತು, ಬೇಗ ಹೇಳಿ ಮುಗಿಸುತ್ತೇನೆ. ಪ್ಲಾಟ್‌ಫಾರ್ಮಿನಲ್ಲಿ ನೀರಿಲ್ಲ, ಶೆಡ್ ಸೋರುತ್ತದೆ, ಕೌಂಟರ್ ಸಾಲುವುದಿಲ್ಲ ಎಂದರೆ ಅದು ವಿಭಾಗದ ಕೆಲಸ. ಅರ್ಜಿ ಗುಂತಕಲ್ಲಿನ ಡಿಆರ್‌ಎಂ ಕಚೇರಿಗೆ ಹೋಗಬೇಕು. ಪ್ರಯಾಣದ ನಡುವೆ ತೊಂದರೆಯಾದರೆ 139ಕ್ಕೆ ಫೋನ್ ಮಾಡಿದರೆ ಸಾಕು, ವಿಭಾಗ ಯಾವುದು ಎಂಬ ತಲೆಬಿಸಿ ನಿಮಗೆ ಬೇಡ. ಹೊಸ ರೈಲು ಬೇಕು, ಇರುವ ರೈಲಿಗೆ ನಮ್ಮೂರಲ್ಲಿ ನಿಲುಗಡೆ ಬೇಕು ಎಂದರೆ ವಲಯ ಮತ್ತು ರೈಲ್ವೆ ಬೋರ್ಡಿನ ಮಾತು. ವಿಭಾಗಕ್ಕೂ ವಲಯಕ್ಕೂ ಪ್ರಯಾಣಿಕರ ಪರವಾಗಿ ಮಾತನಾಡುವ ಸಲಹಾ ಸಮಿತಿಗಳಿವೆ. ನಮ್ಮೂರಿನವರು ಅದರಲ್ಲಿದ್ದಾರಾ ಎಂದು ಕೇಳುವುದರಲ್ಲಿ ತಪ್ಪಿಲ್ಲ.

ಪೊಲೀಸರ ವಿಷಯ ಬೇರೆ. ಸ್ಟೇಷನ್ ಗುಂತಕಲ್ಲಿನವರದಾದರೂ ಕಳ್ಳತನ, ಹೊಡೆದಾಟದ ಕೇಸು ದಾಖಲಿಸುವ ರೈಲ್ವೆ ಪೊಲೀಸರು ರಾಜ್ಯ ಸರ್ಕಾರದವರು. ರಾಯಚೂರಿನಲ್ಲಿ ಅವರು ಕರ್ನಾಟಕದವರೇ. ಖಾಕಿಯಲ್ಲೇ ಕಾಣುವ ಆರ್‌ಪಿಎಫ್, ಅಂದರೆ ರೈಲ್ವೆ ರಕ್ಷಣಾ ಪಡೆ, ಕೇಂದ್ರದ್ದು, ರೈಲ್ವೆ ಆಸ್ತಿ ಕಾಯಲು. ಬ್ಯಾಗು ಕಳುವಾದದ್ದು ಕೃಷ್ಣಾ 'ಸೇತುವೆಯ ಆಚೆಗೋ ಈಚೆಗೋ' ಎಂದು ಗೊತ್ತಾಗದಿದ್ದರೆ? ಮುಂದಿನ ಸ್ಟೇಷನ್‌ನಲ್ಲಿ ದೂರು ಕೊಡಬಹುದು. ಅದನ್ನು ಜೀರೋ ಎಫ್‌ಐಆರ್ ಎನ್ನುತ್ತಾರೆ. ನಂಬರ್ ಹಾಕದೆ ಬರೆದುಕೊಂಡು, ಆಮೇಲೆ ಸಂಬಂಧಪಟ್ಟ ಠಾಣೆಗೆ ಕಳಿಸುತ್ತಾರೆ.

ಕಲ್ಲಿದ್ದಲಿನ ಗಾಡಿಗಳು

ಪ್ರಯಾಣಿಕರನ್ನು ಬಿಟ್ಟರೆ ಈ ಹಾದಿಯ ದೊಡ್ಡ ಗಿರಾಕಿ ಕರೆಂಟು. ಕರ್ನಾಟಕದಲ್ಲಿ ಕಲ್ಲಿದ್ದಲು ಗಣಿ ಇಲ್ಲ. ಆದರೂ ರಾಜ್ಯದ ಮೊದಲ ಶಾಖೋತ್ಪನ್ನ ವಿದ್ಯುತ್ ಸ್ಥಾವರ 1985ರಲ್ಲಿ ರಾಯಚೂರಿನ ಹತ್ತಿರದ ಶಕ್ತಿನಗರದಲ್ಲಿ ಶುರುವಾಯಿತು. ಬಾಯ್ಲರಿಗೆ ನೀರು ಕೃಷ್ಣೆಯಿಂದ, ಕಲ್ಲಿದ್ದಲು ಪಕ್ಕದ ಹಳಿಯಿಂದ. ಎಂಟು ಘಟಕ ಸೇರಿ 1720 ಮೆಗಾವಾಟ್. ಒಂದು ಕಲ್ಲಿದ್ದಲು ಗಾಡಿಗೆ ಐವತ್ತೆಂಟು, ಐವತ್ತೊಂಬತ್ತು ಡಬ್ಬಿ ಇರುತ್ತವೆ. ಹೊರುವುದು ಮೂರೂವರೆ ಸಾವಿರ ಟನ್‌ಗಿಂತ ಜಾಸ್ತಿ. ಇಂಥ ಗಾಡಿಗಳು ದಿನವೂ ಬರಬೇಕು. ಬಾಂಬೆಗೆ ಹತ್ತಿ ಸಾಗಿಸಲು ಹಾಕಿದ ಹಳಿ ಈಗ ಬೆಂಗಳೂರಿನ ಫ್ಯಾನು ತಿರುಗಿಸುತ್ತಿದೆ. ನಮ್ಮಲ್ಲಿ ಬೇಸಿಗೆಯಲ್ಲಿ ಕರೆಂಟು ಹೋದಾಗ ಈ ಮಾತು ನೆನಪಾಗಿ ಸ್ವಲ್ಪ ಸಿಟ್ಟು ಬರುತ್ತದೆ, ಅದಿರಲಿ.

ಭಾರ ಸಾಗಿಸುವುದು ಈ ಊರಿಗೆ ಹೊಸದಲ್ಲ. ರಾಯಚೂರು ಕೋಟೆಯ ಗೋಡೆಯಲ್ಲಿ ನಲವತ್ತು ಅಡಿಗಿಂತ ಉದ್ದದ ಒಂದೇ ಕಲ್ಲಿದೆ. ಅದರಲ್ಲಿ 1294ರ ಶಾಸನ ಇದೆ. ಅಷ್ಟು ದೊಡ್ಡ ಕಲ್ಲನ್ನು ತಂದದ್ದು ಹೇಗೆ ಎಂಬುದನ್ನೂ ಗೋಡೆಯ ಮೇಲೆ ಕೊರೆದಿದ್ದಾರೆ. ಬಂಡಿಯ ಮೇಲೆ ಕಲ್ಲು, ಮುಂದೆ ಕೋಣಗಳ ಸಾಲು. ಸ್ಟೇಷನ್‌ಗೆ ಬಂದವರು ಗಾಡಿ ತಡ ಇದ್ದರೆ ಹೋಗಿ ನೋಡಿ ಬರಬಹುದು.

ಈಗ ಬರುತ್ತಿರುವ ಹಳಿಗಳು

ಜಂಕ್ಷನ್ ಎಂದು ಸಾಮಾನ್ಯವಾಗಿ ಹೇಳುವುದು ಮೂರು ಅಥವಾ ಹೆಚ್ಚು ದಿಕ್ಕಿನಿಂದ ಹಳಿ ಬಂದು ಕೂಡುವ ಜಾಗಕ್ಕೆ. ಎರಡು ಕಂಪನಿ ಕೂಡಿದ ಊರಾದರೂ ರಾಯಚೂರಿಗೆ ದಿಕ್ಕು ಎರಡೇ ಇದ್ದವು, ವಾಡಿ ಮತ್ತು ಗುಂತಕಲ್. ಮೂರನೆಯದು ಬಂದದ್ದು 2013ರಲ್ಲಿ, ಗದ್ವಾಲದಿಂದ. 1956ರಲ್ಲಿ ಜಿಲ್ಲೆಯಿಂದ ಬಿಟ್ಟುಹೋದ ತಾಲ್ಲೂಕು ಹಳಿಯ ಮೂಲಕ ಮತ್ತೆ ಅಂಟಿಕೊಂಡಿತು.

ನಾಲ್ಕನೆಯದರ ಹೆಸರು ಮುನಿರಾಬಾದ್–ಮಹಬೂಬ್‌ನಗರ ಹಾದಿ. 1997–98ರಲ್ಲಿ ಒಪ್ಪಿಗೆ ಸಿಕ್ಕ ಯೋಜನೆ, ಉದ್ದ ಸುಮಾರು 245 ಕಿಲೋಮೀಟರ್. ಗಂಗಾವತಿ, ಕಾರಟಗಿ, ಸಿಂಧನೂರು, ರಾಯಚೂರು, ಕೃಷ್ಣಾ, ಅಲ್ಲಿಂದ ತೆಲಂಗಾಣದ ಒಳಗೆ. ಭತ್ತದ ಸೀಮೆಗೆ ಇದು ಮೊದಲ ರೈಲು. ಕೊಪ್ಪಳದವರು ಗುಂತಕಲ್ ಸುತ್ತದೆ ರಾಯಚೂರಿಗೆ ಬರಲು ಇದೇ ದಾರಿ.

ಈ ಕೆಲಸವನ್ನು ಒಬ್ಬರಿಗೆ ಕೊಟ್ಟಿಲ್ಲ. ಕರ್ನಾಟಕದ ಕಡೆಯ ಹೆಚ್ಚಿನ ಭಾಗ ಹುಬ್ಬಳ್ಳಿಯ ನೈಋತ್ಯ ರೈಲ್ವೆಯದು. ತೆಲಂಗಾಣದ ಕಡೆಯದು ದಕ್ಷಿಣ ಮಧ್ಯ ರೈಲ್ವೆಯದು. ಮೂಡಣದವರು 2023ರ ಅಕ್ಟೋಬರ್‌ನಲ್ಲಿ ಕೃಷ್ಣಾ ಸ್ಟೇಷನ್ ಮುಟ್ಟಿದರು. ಪಡುವಣದವರು 2024ರಲ್ಲಿ ಸಿಂಧನೂರಿಗೆ ಬಂದರು. ನೀನು ಆ ಕಡೆಯಿಂದ ಬಾ, ನೀನು ಈ ಕಡೆಯಿಂದ ಬಾ. ಕೂಡುವ ಜಾಗ ಮತ್ತೆ ರಾಯಚೂರೇ.